ವಯೋಮಿತಿಯ ವ್ಯಾಜ್ಯ: ಸುರೇಂದ್ರನಾಥ ಬ್ಯಾನರ್ಜಿಯವರ ಪ್ರಕರಣದ ಪುನರ್ವಿಮರ್ಶೆ

ಸರಕಾರಿ ನೌಕರಿಯ ವಯೋಮಿತಿಯನ್ನು ಕುರಿತು ಭಾರತೀಯರು ಹೂಡಿದ ವ್ಯಾಜ್ಯಗಳಲ್ಲಿ ಮೊದಲ ಸಾಲಿಗೆ ಸೇರತಕ್ಕದ್ದು 1869ರ ಸುರೇಂದ್ರನಾಥ ಬ್ಯಾನರ್ಜಿಯವರ ಪ್ರಕರಣ. ನಮ್ಮ ಪಠ್ಯಗ್ರಂಥಗಳು ಇದನ್ನು ಆಂಗ್ಲರ ಪಕ್ಷಪಾತಕ್ಕೊಂದು ನಿದರ್ಶನವೆಂದೂ, ನ್ಯಾಯಾಲಯದಲ್ಲಿ ಭಾರತೀಯನಿಗೆ ದೊರೆತ ಜಯವೆಂದೂ ನಾಲ್ಕು ವಾಕ್ಯಗಳಲ್ಲಿ ಹೇಳಿ ಮುಗಿಸುತ್ತವೆ. ಈ ನಿರೂಪಣೆ ಸುಳ್ಳಲ್ಲ, ಆದರೆ ಅಪೂರ್ಣ. ಆ ಜಯದ ಎಲ್ಲೆ ಯಾವುದೆಂಬುದನ್ನು ವಿಚಾರಿಸುವುದೇ ಪ್ರಕೃತ ಲೇಖನದ ಉದ್ದೇಶ.

ಮೊದಲು ಸಂಗತಿಗಳನ್ನು ಗಮನಿಸೋಣ. 1869ರಲ್ಲಿ ಲಂಡನ್ನಿನಲ್ಲಿ ನಡೆದ ಇಂಡಿಯನ್ ಸಿವಿಲ್ ಸರ್ವಿಸ್ ಪರೀಕ್ಷೆಯಲ್ಲಿ ನಾಲ್ವರು ಭಾರತೀಯರು ತೇರ್ಗಡೆಯಾದರು: ಸುರೇಂದ್ರನಾಥರು, ರಮೇಶಚಂದ್ರ ದತ್ತರು, ಬಿಹಾರಿಲಾಲ್ ಗುಪ್ತರು ಮತ್ತು ಶ್ರೀಪಾದ ಬಾಬಾಜಿ ಠಾಕೂರರು. ಆಗ ಪರೀಕ್ಷಾರ್ಥಿಯ ವಯಸ್ಸಿನ ಮೇಲ್ಮಿತಿ 21. ಸುರೇಂದ್ರನಾಥರು ಹುಟ್ಟಿದ್ದು 1848ರ ನವೆಂಬರ್ 10ರಂದು. ಅಂದರೆ ಪರೀಕ್ಷೆಯ ಕಾಲಕ್ಕೆ ಅವರಿಗೆ 20 ವರ್ಷ ಕೆಲವು ತಿಂಗಳು. ಆದರೆ 1863ರಲ್ಲಿ ಕಲ್ಕತ್ತಾ ವಿಶ್ವವಿದ್ಯಾಲಯದ ಪ್ರವೇಶ ಪರೀಕ್ಷೆಗೆ ಕುಳಿತಾಗ ಅವರ ವಯಸ್ಸು 16 ಎಂದು ದಾಖಲಾಗಿತ್ತು. ಆ ಲೆಕ್ಕವನ್ನು ಹಿಡಿದರೆ 1869ರ ವೇಳೆಗೆ 21 ಮೀರಿತ್ತು. ಆಯುಕ್ತರು ಸುರೇಂದ್ರನಾಥರ ಹೆಸರನ್ನೂ ಠಾಕೂರರ ಹೆಸರನ್ನೂ ಪಟ್ಟಿಯಿಂದ ತೆಗೆದುಹಾಕಿದರು.

ಇಲ್ಲಿ ತಿಕ್ಕಾಟವಿದ್ದುದು ಎರಡು ಗಣನಾಕ್ರಮಗಳ ನಡುವೆ. ಆಂಗ್ಲರ ಎಣಿಕೆ ತುಂಬಿದ ವರ್ಷಗಳದು. ನಮ್ಮವರ ರೂಢಿಯ ಎಣಿಕೆ ಅದಕ್ಕಿಂತ ಸುಮಾರು ಒಂದು ವರ್ಷ ಮುಂದೆ. ಹುಡುಗನಿಗೆ ಹದಿನಾರು ‘ತುಂಬಿತು’ ಎಂಬುದಕ್ಕೂ ಹದಿನಾರು ‘ನಡೆಯುತ್ತಿದೆ’ ಎಂಬುದಕ್ಕೂ ಇರುವ ಅಂತರವನ್ನು ಕನ್ನಡಿಗರಿಗೆ ವಿವರಿಸಬೇಕಾಗಿಲ್ಲ. ಸುರೇಂದ್ರನಾಥರ ಈ ಸಮಾಧಾನವನ್ನು ಆಯುಕ್ತರು ಒಪ್ಪಲಿಲ್ಲ. ಅವರು ಕ್ವೀನ್ಸ್ ಬೆಂಚ್ ನ್ಯಾಯಾಲಯದ ಮೊರೆಹೊಕ್ಕು ಮ್ಯಾಂಡಮಸ್ ಎಂಬ ಆಜ್ಞಾಪತ್ರವನ್ನು ಬೇಡಿದರು. ಮುಖ್ಯ ನ್ಯಾಯಾಧೀಶ ಕಾಕ್‌ಬರ್ನರ ಮುಂದೆ ಅರ್ಜಿ ಪುರಸ್ಕೃತವಾಗಲು ಆಯುಕ್ತರು ತಮ್ಮ ನಿರ್ಧಾರವನ್ನು ಹಿಂತೆಗೆದುಕೊಂಡರು. ಇಬ್ಬರ ಹೆಸರುಗಳೂ ಪಟ್ಟಿಯಲ್ಲಿ ಮರಳಿ ಸೇರಿದುವು. 1871ರಲ್ಲಿ ಸುರೇಂದ್ರನಾಥರು ಸಿಲ್ಹೆಟ್ಟಿನಲ್ಲಿ ಅಧಿಕಾರ ವಹಿಸಿಕೊಂಡರು.

ಈ ವ್ಯಾಜ್ಯದಲ್ಲಿ ನಿರ್ಣೀತವಾದುದೇನು? ಅಭ್ಯರ್ಥಿಯ ವಯಸ್ಸನ್ನು ಎಣಿಸುವಾಗ ಅವನ ಸಾಕ್ಷ್ಯವನ್ನು ಕಡೆಗಣಿಸಲಾಗದು ಎಂಬುದಷ್ಟೆ. 21 ಎಂಬ ಮಿತಿ ಯುಕ್ತವೇ ಅಯುಕ್ತವೇ ಎಂಬ ಪ್ರಶ್ನೆ ನ್ಯಾಯಾಲಯದ ಮುಂದಿರಲೇ ಇಲ್ಲ. ಎಣಿಕೆಯ ತಪ್ಪನ್ನು ನ್ಯಾಯಾಲಯ ತಿದ್ದೀತು. ಮಿತಿಯನ್ನು ಅದು ತಿದ್ದಲಾರದು. ಈ ಭೇದವನ್ನು ಕಾಣದ ನಿರೂಪಣೆಗಳಿಗೆ ಮುಂದಿನ ಘಟನೆಗಳು ಅರ್ಥವಾಗುವುದಿಲ್ಲ.

ಈ ಮಿತಿ 1855ರಲ್ಲಿ 23 ಇದ್ದುದು 1866ರಲ್ಲಿ 21ಕ್ಕೆ ಇಳಿದಿತ್ತು. ಲಾರ್ಡ್ ಸಾಲಿಸ್ಬರಿಯವರು 1876ರಲ್ಲಿ ಅದನ್ನು 19ಕ್ಕೆ ಇಳಿಸಲು ನಿರ್ಧರಿಸಿದರು. 1878ರಿಂದ ಅದು ಜಾರಿಗೆ ಬಂದಿತು. ಪರದೇಶಕ್ಕೆ ಹೋಗಿ, ಪರಭಾಷೆಯಲ್ಲಿ, 19ರೊಳಗೆ ಪರೀಕ್ಷೆ ಕೊಡಬೇಕಾದ ಭಾರತೀಯನಿಗೆ ಬಾಗಿಲು ಬಹುಮಟ್ಟಿಗೆ ಮುಚ್ಚಿದಂತಾಯಿತು. ನಿಯಮದ ಅಕ್ಷರದಲ್ಲಿ ವರ್ಣಭೇದದ ಸುಳಿವಿಲ್ಲ. ಫಲದಲ್ಲಿ ಅದು ಸ್ಪಷ್ಟ. ಹಿಂದೆ ನ್ಯಾಯಾಲಯದಲ್ಲಿ ಗೆದ್ದವರು ಈ ಸಲ ಹಿಡಿದ ದಾರಿ ಬೇರೆ. ಅಷ್ಟರಲ್ಲಿ ಸೇವೆಯಿಂದ ವಜಾಗೊಂಡಿದ್ದ ಸುರೇಂದ್ರನಾಥರು 1876ರಲ್ಲಿ ಸ್ಥಾಪಿತವಾದ ಇಂಡಿಯನ್ ಅಸೋಸಿಯೇಷನ್ನಿನ ಪರವಾಗಿ 1877ರಲ್ಲಿ ಉತ್ತರ ಭಾರತದ ನಗರಗಳಲ್ಲಿ ಸಂಚರಿಸಿ ಲೋಕಾಭಿಪ್ರಾಯವನ್ನು ಕೂಡಿಸಿದರು. ಐಚಿಸನ್ ಆಯೋಗವು 1886ರಲ್ಲಿ ನೇಮಕವಾಗಿ, ಮಿತಿ ಮರಳಿ 23ಕ್ಕೇರುವ ವೇಳೆಗೆ 1892 ಬಂದಿತ್ತು. ಈ ನಡುವೆ ವಯಸ್ಸು ಮೀರಿದ ಒಂದು ತಲೆಮಾರಿಗೆ ಪರಿಹಾರವೆಂಬುದೇ ಇರಲಿಲ್ಲ.

ಸುರೇಂದ್ರನಾಥರ ಆತ್ಮಕಥೆ ‘ಎ ನೇಶನ್ ಇನ್ ಮೇಕಿಂಗ್’ ಪ್ರಕಟವಾದುದು 1925ರಲ್ಲಿ. ಅರ್ಧ ಶತಮಾನಕ್ಕೂ ಮಿಕ್ಕ ಅಂತರದಿಂದ, ಲೋಕನಾಯಕನ ಸ್ಥಾನದಿಂದ ಬರೆದ ಗ್ರಂಥವದು. ಅದನ್ನೇ ಆಧಾರವಾಗಿ ಹಿಡಿದವರು ವ್ಯಕ್ತಿಯ ಜಯವನ್ನು ತತ್ತ್ವದ ಜಯವೆಂದು ಭ್ರಮಿಸುವುದು ಸುಲಭ. 1869ನ್ನೂ 1876ನ್ನೂ ಒಟ್ಟಿಗೆ ಇಟ್ಟು ಓದಿದಾಗ ಮಾತ್ರ ಈ ಭ್ರಮೆ ಹರಿಯುತ್ತದೆ.

ಸ್ವಾತಂತ್ರ್ಯಾನಂತರ ಈ ಭೇದ ಅಳಿಯಿತೆ? ಅಳಿಯಲಿಲ್ಲ. ಸಂವಿಧಾನದ 16ನೆಯ ಅನುಚ್ಛೇದವು ಸರಕಾರಿ ಉದ್ಯೋಗದಲ್ಲಿ ಮತ, ಜನಾಂಗ, ಜಾತಿ, ಲಿಂಗ, ವಂಶ, ಜನ್ಮಸ್ಥಳ, ನಿವಾಸಗಳ ಕಾರಣದಿಂದ ಭೇದವೆಣಿಸುವುದನ್ನು ನಿಷೇಧಿಸುತ್ತದೆ. ಆ ಪಟ್ಟಿಯಲ್ಲಿ ವಯಸ್ಸು ಇಲ್ಲ. ರಾಜಸ್ಥಾನದ ಒಂದು ಮೊಕದ್ದಮೆಯಲ್ಲಿ ಜನವರಿ 1ಕ್ಕೆ 28 ತುಂಬಿರಬಾರದೆಂಬ ನಿಯಮವಿತ್ತು. ಅಭ್ಯರ್ಥಿ ಹುಟ್ಟಿದ್ದು ಜನವರಿ 2ರಂದು. ಹುಟ್ಟಿದ ದಿನವನ್ನೂ ಪೂರ್ಣದಿನವಾಗಿ ಎಣಿಸಬೇಕಾದ್ದರಿಂದ ಜನವರಿ 1ರಂದೇ 28 ತುಂಬಿತೆಂದು ಸರ್ವೋಚ್ಚ ನ್ಯಾಯಾಲಯ 1986ರಲ್ಲಿ ತೀರ್ಪಿತ್ತಿತು. ಒಂದು ದಿನದ ಎಣಿಕೆ ಒಬ್ಬನ ಉದ್ಯೋಗವನ್ನು ನಿರ್ಧರಿಸಿತು. ಅದೇ ರಾಜ್ಯಕ್ಕೆ ಸಂಬಂಧಿಸಿದ 1997ರ ಇನ್ನೊಂದು ತೀರ್ಪಿನಲ್ಲಿ, ಗಡುವಿನ ದಿನವನ್ನು ಗೊತ್ತುಪಡಿಸುವುದು ನಿಯಮಕಾರರಿಗೆ ಸೇರಿದ್ದು, ಕೆಲವರು ಹೊರಗುಳಿದ ಮಾತ್ರಕ್ಕೆ ಅದು ಸ್ವೇಚ್ಛಾಚಾರವಾಗದು ಎಂದು ಅದೇ ನ್ಯಾಯಾಲಯ ಹೇಳಿತು.

ಮಿತಿಯೆಂದ ಮೇಲೆ ಯಾರಾದರೊಬ್ಬರು ಅದರ ಹೊರಗುಳಿಯಲೇಬೇಕಲ್ಲವೆ ಎಂದು ಆಕ್ಷೇಪಿಸಬಹುದು. ಅದು ಸರಿ. ಆದರೆ ನೇಮಕಾತಿಯ ಪ್ರಕಟಣೆಯನ್ನೇ ವರ್ಷಗಟ್ಟಲೆ ಹೊರಡಿಸದೆ, ಹೊರಡಿಸಿದ ದಿನ ವಯಸ್ಸು ಮೀರಿತೆಂದು ಅರ್ಜಿಯನ್ನು ತಳ್ಳಿಹಾಕಿದಾಗ, ಹೊರಗುಳಿದವನು ತನ್ನ ದೋಷದಿಂದ ಉಳಿದವನಲ್ಲ. ಅವನ ವಯಸ್ಸಿನ ಎಣಿಕೆ ಸರಿಯಾಗಿಯೇ ಇರುವುದರಿಂದ 1869ರ ಮಾರ್ಗ ಅವನಿಗೆ ಒದಗದು. 1877ರ ಮಾರ್ಗವೇ, ಎಂದರೆ ನಿಯಮವನ್ನು ರಚಿಸುವವರ ಬಳಿ ಸಾಮೂಹಿಕವಾಗಿ ವಾದಿಸುವುದೇ ಉಳಿಯುತ್ತದೆ. ಇತಿಹಾಸದ ವಿದ್ಯಾರ್ಥಿಗಳು ಸುರೇಂದ್ರನಾಥರ ಪ್ರಕರಣವನ್ನು ಓದುವಾಗ ಈ ಎರಡನ್ನೂ ಬೇರ್ಪಡಿಸಿ ನೋಡಬೇಕೆಂಬುದು ನಮ್ಮ ಅಭಿಪ್ರಾಯ.