‘ನಾಗಮಂಡಲ’ದ ಹಾಳುಗುಡಿ

ಎ.ಕೆ. ರಾಮಾನುಜನ್ ಅವರಿಂದ ಕೇಳಿದ ಎರಡು ಜನಪದ ಕತೆಗಳನ್ನು ಬೆಸೆದು ಗಿರೀಶ ಕಾರ್ನಾಡರು 1980ರ ದಶಕದ ಕೊನೆಯಲ್ಲಿ ‘ನಾಗಮಂಡಲ’ ಬರೆದರು. ಅದರ ಚರ್ಚೆ ಹೆಚ್ಚಾಗಿ ರಾಣಿ, ಅಪ್ಪಣ್ಣ ಮತ್ತು ನಾಗನ ಸುತ್ತಲೇ ನಡೆಯುತ್ತದೆ. ನಾಟಕ ಶುರುವಾಗುವ ಹಾಳುಗುಡಿಯನ್ನು ಕತೆಯ ಚೌಕಟ್ಟು ಎಂದು ಕರೆದು ನಾವು ಮುಂದೆ ಸಾಗುತ್ತೇವೆ. ನಾಟಕದ ವಾದ ಇರುವುದೇ ಆ ಗುಡಿಯಲ್ಲಿ ಎಂದು ನನಗನ್ನಿಸುತ್ತದೆ.

ಅಲ್ಲಿ ಮೂರ್ತಿ ಒಡೆದಿದೆ. ಯಾವ ದೇವರ ಗುಡಿ ಎಂದು ಹೇಳಲಾಗದು. ಭಗ್ನಮೂರ್ತಿಗೆ ಪೂಜೆ ಸಲ್ಲದು ಎಂಬ ನಂಬಿಕೆ ನಮ್ಮ ಹಳ್ಳಿಗಳಲ್ಲಿ ಈಗಲೂ ಇದೆ. ಆದರೂ ಪೂಜೆ ನಿಂತ ಈ ಗರ್ಭಗುಡಿಯಲ್ಲಿ ಒಂದು ವ್ರತ ನಡೆಯುತ್ತದೆ: ಜಾಗರಣೆ. ತನ್ನ ನಾಟಕಗಳಿಂದ ಜನರನ್ನು ನಿದ್ದೆಗೆ ದೂಡಿದ ನಾಟಕಕಾರ ಒಂದು ರಾತ್ರಿಯಾದರೂ ಪೂರ್ತಿ ಎಚ್ಚರವಿರಬೇಕು, ಇಲ್ಲವಾದರೆ ಸಾವು. ಶಿವರಾತ್ರಿಯಲ್ಲಿ ಎಚ್ಚರವಿರುವುದು ದೇವರಿಗಾಗಿ. ಇಲ್ಲಿ ಅವನನ್ನು ಎಚ್ಚರವಾಗಿಡುವುದು ಕತೆ. ಮನೆಗಳಲ್ಲಿ ಆರಿಸಿದ ದೀಪಗಳ ಜ್ಯೋತಿಗಳು ಹರಟೆಗೆ ಇಲ್ಲಿ ಸೇರುತ್ತವೆ. ಹೆಂಗಸೊಬ್ಬಳು ಯಾರಿಗೂ ಹೇಳದೆ ಬಚ್ಚಿಟ್ಟ ಕತೆಯೂ ತಪ್ಪಿಸಿಕೊಂಡು ಇಲ್ಲಿಗೇ ಬರುತ್ತದೆ. ಮನೆಯೊಳಗೆ ಆಡಲಾಗದ ಮಾತಿಗೆ ದೇವರಿಲ್ಲದ ಗುಡಿಯಲ್ಲಿ ಜಾಗ ಸಿಗುತ್ತದೆ.

ಹುಬ್ಬಳ್ಳಿಯ ಉಣಕಲ್ಲಿನಲ್ಲಿರುವ ಚಂದ್ರಮೌಳೇಶ್ವರ ಗುಡಿಯನ್ನು ಇದರ ಪಕ್ಕದಲ್ಲಿಟ್ಟು ನೋಡಬಹುದು. ಚಾಲುಕ್ಯರ ಕಾಲದ ಆ ಕಲ್ಲಿನ ಗುಡಿಗೆ ನಾಲ್ಕೂ ದಿಕ್ಕಿಗೆ ಬಾಗಿಲು. ಊರಿನ ಮನೆಗಳಿಗೂ ಅದಕ್ಕೂ ನಡುವೆ ಕೆಲವೇ ಹೆಜ್ಜೆ. ಮನೆಗಳ ನಡುವಿನ ಗುಡಿ ಊರಿನ ನೇಮಗಳನ್ನೂ ಕಾಯುತ್ತದೆ. ಕಾರ್ನಾಡರ ಗುಡಿ ಯಾರ ನೇಮವನ್ನೂ ಕಾಯಬೇಕಿಲ್ಲ.

ಈ ಹಿನ್ನೆಲೆಯಲ್ಲಿ ನಾಗದಿವ್ಯವನ್ನು ಓದಬೇಕು. ಗಂಡನನ್ನೂ ಈ ಹಾವನ್ನೂ ಬಿಟ್ಟು ಬೇರೆ ಯಾರನ್ನೂ ಮುಟ್ಟಿಲ್ಲವೆಂದು ರಾಣಿ ಹಾವು ಹಿಡಿದು ಆಣೆ ಮಾಡುತ್ತಾಳೆ. ಅದು ಕಚ್ಚುವುದಿಲ್ಲ, ಊರು ಅವಳನ್ನು ದೇವಿ ಮಾಡುತ್ತದೆ. ಇದನ್ನು ಹೆಣ್ಣಿನ ಗೆಲುವೆಂದು ಓದುವವರಿದ್ದಾರೆ. ನಾನು ಪೂರ್ತಿ ಒಪ್ಪಲಾರೆ. ಅವಳ ಮಾತಿನ ಅರ್ಥವೇನೆಂದು ಪಂಚರು ಕೇಳುವುದೇ ಇಲ್ಲ. ಕ್ಷಣದ ಹಿಂದೆ ಹಾದರಗಿತ್ತಿ, ಈಗ ದೇವಿ. ಎರಡೂ ಸಲ ಊರಿಗೆ ಬೇಕಾದದ್ದು ಅವಳ ಮಾತು ಮುಗಿಯುವುದು.

ಆದರೆ ರಾಣಿ ಮೂರ್ತಿಯಾಗಿ ಕೂರುವವಳಲ್ಲ. ಸತ್ತ ನಾಗನಿಗೆ ತನ್ನ ಮಗನೇ ಕಿಚ್ಚಿಡಬೇಕು, ವರ್ಷವರ್ಷವೂ ಅವನೇ ಕರ್ಮ ಮಾಡಬೇಕೆಂದು ಕೇಳುತ್ತಾಳೆ. ದೇವಿಯ ಮಾತನ್ನು ಅಪ್ಪಣ್ಣ ಮೀರುವಂತಿಲ್ಲ. ತಂದೆಗೆ ಮಗ ಸಲ್ಲಿಸುವ ಕ್ರಿಯೆ ಗಂಡನ ಒಪ್ಪಿಗೆಯಿಂದಲೇ ನಾಗನಿಗೆ ಸಲ್ಲುತ್ತದೆ. ಸಂಪ್ರದಾಯವನ್ನು ಮುರಿಯದೆ, ಅದರ ಒಳಗೆ ನಿಂತೇ ಮಾಡಿದ ಈ ಟೀಕೆಯಷ್ಟು ಹರಿತವಾದದ್ದು ನಾಟಕದಲ್ಲಿ ಇನ್ನೊಂದಿಲ್ಲ. ನಾಗನನ್ನು ಅವಳ ಕೂದಲಲ್ಲಿ ಬದುಕಿಸುವ ಮತ್ತೊಂದು ಮುಕ್ತಾಯ ಹಿತವಾಗಿದೆ, ನಿಜ. ಆದರೆ ಅದು ಈ ಹರಿತವನ್ನು ತುಸು ಮೊಂಡಾಗಿಸುತ್ತದೆ.

ಪ್ರಯೋಗದ ಅವಧಿ ತಗ್ಗಿಸಲು ಯಾರಾದರೂ ಗುಡಿಯ ದೃಶ್ಯವನ್ನು ಮೊಟಕುಗೊಳಿಸಿದರೆ ಕಳೆದುಹೋಗುವುದು ಬರಿಯ ಚೌಕಟ್ಟಲ್ಲ. ಹೆಣ್ಣು ದೇವಿಯಾಗದೆಯೂ ಅವಳ ಕತೆಯನ್ನು ಕೇಳುವವರಿರುವ ಜಾಗ ನಾಟಕದಲ್ಲಿ ಅದೊಂದೇ.