ತಂಗಿ ಬರೆದ ಮಾರಿ

ನಮ್ಮ ಗುಡಗೇರಿಯಲ್ಲಿ ಹಿರಿಯರು ಹೆಸರು ಕೇಳುವ ಮೊದಲೇ ಮಾರಿ ನೋಡಿ ಗುರುತು ಹಿಡಿಯುತ್ತಾರೆ: ‘ಥೇಟ್ ನಿಮ್ಮ ತಂಗಿ ಹಂಗ ಅದೀಯಲ್ಲವಾ!’ ಪ್ರೀತಿಯ ಮಾತೇ. ಆದರೆ ತಂಗಿಯ ಮೇಲೆ ಹೊಟ್ಟೆಕಿಚ್ಚು ಇದ್ದವಳಿಗೆ ಅದು ಮುಳ್ಳು. ಗಿರೀಶ ಕಾರ್ನಾಡರ ‘ಒಡಕಲು ಬಿಂಬ’ ನಾಟಕ ಆ ಮುಳ್ಳಿನ ಮೇಲೇ ನಿಂತಿದೆ.

ಕನ್ನಡದ ಕತೆಗಾರ್ತಿ ಮಂಜುಳಾ ನಾಯಕ ಒಂದು ಇಂಗ್ಲಿಷ್ ಕಾದಂಬರಿಯಿಂದ ಜಗತ್ತಿಗೆಲ್ಲ ಹೆಸರಾಗಿದ್ದಾಳೆ. ಟಿವಿ ಸ್ಟುಡಿಯೋದಲ್ಲಿ ಭಾಷಣ ಮುಗಿಸಿ ಎದ್ದರೆ ಪರದೆಯ ಮೇಲಿನ ಅವಳ ಬಿಂಬ ಆರುವುದಿಲ್ಲ, ಅವಳನ್ನೇ ಪ್ರಶ್ನಿಸತೊಡಗುತ್ತದೆ. ಆ ಕಾದಂಬರಿ ನಿಜಕ್ಕೂ ಬರೆದದ್ದು ಗಾಲಿಕುರ್ಚಿಯಲ್ಲೇ ಬದುಕು ಸವೆಸಿ ತೀರಿಕೊಂಡ ತಂಗಿ ಮಾಲಿನಿ.

2005ರಲ್ಲಿ ಬೆಂಗಳೂರಿನ ರಂಗಶಂಕರದಲ್ಲಿ ಬಂದ ಕನ್ನಡ ಪ್ರಯೋಗದಲ್ಲಿ ಮಂಜುಳಾ ಆದವರು ಅರುಂಧತಿ ನಾಗ್. ಬಿಂಬದ ಮಾತುಗಳೆಲ್ಲ ಮೊದಲೇ ಚಿತ್ರೀಕರಿಸಿದವು. ನಮ್ಮೂರಿನ ರಂಗಕರ್ಮಿ ಗುಡಗೇರಿ ಎನ್. ಬಸವರಾಜರ ಹೆಸರು ಕೇಳಿ ಬೆಳೆದ ನಮಗೆ ಕಂಪನಿ ನಾಟಕದ ರೀತಿ ಗೊತ್ತು: ಒಬ್ಬರು ಮಾತು ಮರೆತರೆ ಎದುರಿನವರು ಸಾವರಿಸಿಕೊಂಡು ಹೋಗುತ್ತಾರೆ. ಇಲ್ಲಿ ನಟಿ ತಡವರಿಸಿದರೆ ಅವಳ ಸ್ವಂತ ಮುಖವೇ ಕಾಯುವುದಿಲ್ಲ. ಇಷ್ಟು ನಿರ್ದಯವಾದ ರಂಗತಂತ್ರ ಕನ್ನಡದಲ್ಲಿ ನಾನು ಬೇರೆ ಕಂಡಿಲ್ಲ.

ಆದರೂ ನನ್ನನ್ನು ಅಲುಗಿಸಿದ್ದು ಪರದೆಯಲ್ಲ. ಮಾಲಿನಿಯ ಕಾದಂಬರಿಯಲ್ಲಿ ನಾಯಕಿಯ ಸೋದರಸಂಬಂಧಿಯೊಬ್ಬಳಿದ್ದಾಳೆ, ಸಣ್ಣ ಮನಸ್ಸಿನವಳು. ಅದು ತಾನೇ ಎಂದು ಮಂಜುಳಾಗೆ ಗೊತ್ತಾಗುತ್ತದೆ. ತಾನು ಆರೈಕೆ ಮಾಡಿದ ತಂಗಿ ಕೂತಲ್ಲೇ ಕೂತು ತನ್ನನ್ನು ಅಳೆದಿದ್ದಾಳೆ! ಆ ಪುಸ್ತಕಕ್ಕೇ ತನ್ನ ಹೆಸರು ಹಾಕಿಕೊಂಡವಳು ತನ್ನ ವಿರುದ್ಧದ ಸಾಕ್ಷಿಗೆ ತಾನೇ ರುಜು ಹಾಕಿದಂತಾಯಿತು. ಈ ನಾಟಕದ ಬಗ್ಗೆ ಚರ್ಚೆಯೆಲ್ಲ ಕನ್ನಡ-ಇಂಗ್ಲಿಷ್ ಜಗಳಕ್ಕೇ ಹೊರಳುತ್ತದೆ. ನನಗೆ ಅದು ಮೇಲುಪದರ. ಚಿಕ್ಕಂದಿನಲ್ಲಿ ತಂದೆತಾಯಿ ಬೆಂಗಳೂರಿನಲ್ಲಿ ಮಾಲಿನಿಯ ಜತೆ, ಮಂಜುಳಾ ಧಾರವಾಡದ ಅಜ್ಜ-ಅಜ್ಜಿಯ ಮನೆಯಲ್ಲಿ. ಭಾಷೆ ಪಾಲಾಗುವ ಮೊದಲು ಮಮತೆ ಪಾಲಾಗಿತ್ತು.

ನಾಟಕದ ಕೊರತೆಯೂ ಇಲ್ಲೇ ಇದೆ. ಮಂಜುಳಾಳ ಗಂಡ ಪ್ರಮೋದನ ಸಂಗತಿ ಸೇರಿ ಗುಟ್ಟುಗಳು ಪತ್ತೇದಾರಿ ಕತೆಯಂತೆ ಒಂದೊಂದಾಗಿ ಬಿಚ್ಚುತ್ತ ಹೋಗಿ, ಆ ತಂಗಿಯ ನೋಟ ಹಿಂದೆ ಉಳಿಯುತ್ತದೆ. ಕಾರ್ನಾಡರದೇ ‘ನಾಗಮಂಡಲ’ದಲ್ಲಿ ನಾಯಕಿಯ ಗಂಡ ಅಪ್ಪಣ್ಣನ ರೂಪ ಹೊತ್ತ ನಾಗನಿಗೂ ರಂಗದ ಮೇಲೆ ಒಂದು ಮೈಯಿದೆ, ಮಾಲಿನಿಗೆ ಅದೂ ಇಲ್ಲ. ಅಕ್ಕ ಅವಳ ಪುಸ್ತಕ ಕಸಿದಳು, ನಾಟಕ ಅವಳ ದನಿಯನ್ನೂ ಅಕ್ಕನ ಬಾಯಿಗೇ ಕೊಟ್ಟಿತು. ಇನ್ನು ಮುಂದೆ ಈ ನಾಟಕ ಆಡಿಸುವವರು ಯಾರಾದರೂ ಒಂದು ಖಾಲಿ ಗಾಲಿಕುರ್ಚಿಯನ್ನು ಪರದೆಗೆ ಎದುರಾಗಿ, ಮಂಜುಳಾಳ ಬೆನ್ನ ಹಿಂದೆ ಇಡಲಿ.