ಕ್ಯಾಮೆರಾ ಯಾರ ಪಕ್ಕ ಕೂತಿದೆ?

ತನಿಖೆಯ ಸಾಕ್ಷ್ಯಚಿತ್ರ ಎಂದರೆ ಗುಪ್ತ ಕ್ಯಾಮೆರಾ, ಬಯಲಾದ ಕಡತ, ಬೆವರುವ ಅಧಿಕಾರಿ ಇಷ್ಟೇ ಎಂದುಕೊಂಡು ನಿರ್ದೇಶಕಿ ದೀಪಾ ಧನರಾಜ್ ಅವರ ಚಿತ್ರಗಳನ್ನು ನೋಡಲು ಕೂತರೆ ನಿರಾಸೆಯಾಗಬಹುದು. ಅವರ ತನಿಖೆ ಕಿವಿಯಿಂದ ಶುರುವಾಗುತ್ತದೆ. ನೋಡುವಾಗ ನಿಮಗೆ ಬೇಕಾದದ್ದು ಒಂದೇ ಪ್ರಶ್ನೆ: ಕ್ಯಾಮೆರಾ ಯಾರ ಪಕ್ಕ ಕೂತಿದೆ, ಯಾರೆದುರು ನಿಂತಿದೆ?

ಮೊದಲು 'ತಂಬಾಕು ಚಾಕಿಲಾ ಊಬ್ ಆಲಿ' (1982) ನೋಡಿ. ಊರು ನಮ್ಮ ನಿಪ್ಪಾಣಿ, ಮಾತು ಮರಾಠಿ, ಚಿತ್ರ ಕಪ್ಪು-ಬಿಳುಪು. ಅರ್ಧ ಗಂಟೆಯೂ ಇಲ್ಲ. ಹೊಗೆಸೊಪ್ಪಿನ ಕಾರ್ಖಾನೆಯ ಹೆಂಗಸರು ದೂಳಿನಲ್ಲಿ ದುಡಿಯುತ್ತಾರೆ, ಸಂಘ ಕಟ್ಟುತ್ತಾರೆ. ದೀಪಾ, ಆಭಾ ಭೈಯಾ, ನವರೋಜ್ ಕಂಟ್ರಾಕ್ಟರ್, ಮೀರಾ ರಾವ್ ಸೇರಿ 1980ರಲ್ಲಿ ಕಟ್ಟಿದ 'ಯುಗಾಂತರ' ತಂಡ ತಿಂಗಳುಗಟ್ಟಲೆ ಇವರ ಮಾತು ಕೇಳಿದ ಮೇಲೆ ತಯಾರಾದ ಚಿತ್ರವಿದು. ಈ ಹೆಂಗಸರು ಕ್ಯಾಮೆರಾಗೆ ಹೆದರುವುದಿಲ್ಲ, ಅದರ ಮುಂದೆ ಅಳಲು ತೋಡಿಕೊಂಡು ಸುಮ್ಮನಾಗುವುದೂ ಇಲ್ಲ. ತಮ್ಮ ಕೆಲಸದ ಲೆಕ್ಕವನ್ನು ತಾವೇ ಒಪ್ಪಿಸುತ್ತಾರೆ.

ಆಮೇಲೆ 'ಸಮ್‌ಥಿಂಗ್ ಲೈಕ್ ಎ ವಾರ್' (1991). ನನ್ನ ಮಟ್ಟಿಗೆ ಇದೇ ಅವರ ಶ್ರೇಷ್ಠ ಚಿತ್ರ. 1952ರಿಂದ ನಡೆದುಬಂದ ಸರ್ಕಾರಿ ಕುಟುಂಬ ಯೋಜನೆ ಹೆಂಗಸರ ಮೈಮೇಲೆ ಏನೇನು ಮಾಡಿತು ಎಂಬುದು ಇದರ ವಿಷಯ. ಸಂತಾನಹರಣ ಶಿಬಿರದಲ್ಲಿ ವೈದ್ಯರೊಬ್ಬರು ಕೈ ನಿಲ್ಲಿಸದೆ ತಮ್ಮ ವೇಗದ ಬಗ್ಗೆ ಹೆಮ್ಮೆಯಿಂದ ಹೇಳಿಕೊಳ್ಳುತ್ತಾರೆ. ಯಾರೂ ಅವರ ಬಾಯಿ ಮುಚ್ಚಿಸುವುದಿಲ್ಲ, ಎದುರು ವಾದಿಸುವುದಿಲ್ಲ. ಮೇಜಿನ ಮೇಲೆ ಮಲಗಿದವಳ ನೋವು ಅದೇ ಚೌಕಟ್ಟಿನಲ್ಲಿದೆ, ಅಷ್ಟು ಸಾಕು. ಗುರಿ ಮುಟ್ಟುವ ಅವಸರದಲ್ಲಿ ಹೆಂಗಸು ಅಂಕಿಯಾಗುವುದು ಹೇಗೆಂದು ವರದಿಗಳ ಕಂತೆ ಓದಿದರೂ ಹೀಗೆ ತಿಳಿಯುವುದಿಲ್ಲ.

ಇದೇ ಚಿತ್ರದ ಇನ್ನೊಂದು ಕಡೆ ಒಂದಷ್ಟು ಹೆಂಗಸರು ಸುತ್ತುಗಟ್ಟಿ ಕೂತು, ಹೆಣ್ಣುದೇಹದ ಚಿತ್ರ ಬರೆದು, ಮುಟ್ಟು, ಬಸಿರು, ಸುಖದ ಬಗ್ಗೆ ಬಿಡುಬೀಸಾಗಿ ಮಾತಾಡುತ್ತಾರೆ, ನಗುತ್ತಾರೆ ಕೂಡ. ಕ್ಯಾಮೆರಾ ಇಲ್ಲಿ ಅವರ ನಡುವೆಯೇ ಇರುತ್ತದೆ. ಶಿಬಿರದಿಂದ ಈ ಗುಂಪಿಗೆ, ಗುಂಪಿನಿಂದ ಸರ್ಕಾರದ ಮಾತಿಗೆ ಚಿತ್ರ ದಾಟುವ ಜಾಗಗಳನ್ನು ಗಮನಿಸಿ. ನಿರ್ದೇಶಕಿಯ ವಾದವೆಲ್ಲ ಆ ಸಂಕಲನದಲ್ಲಿದೆ.

1984ರ ಹೈದರಾಬಾದ್ ಗಲಭೆ ಕುರಿತ 'ಕ್ಯಾ ಹುವಾ ಇಸ್ ಶಹರ್ ಕೋ?' (1986) ಸಲೀಸಾಗಿ ದಕ್ಕುವುದಿಲ್ಲ. ಆ ಊರಿನ ರಾಜಕೀಯವನ್ನು ಸ್ವಲ್ಪ ಓದಿಕೊಂಡು ಹೋಗಿ. ಸಂಶೋಧನಾ ವಿದ್ಯಾರ್ಥಿ ರೋಹಿತ್ ವೇಮುಲ ಸಾವಿನ ನಂತರದ ಚಳವಳಿಯ ಜೊತೆ ನಡೆದ 'ವಿ ಹ್ಯಾವ್ ನಾಟ್ ಕಮ್ ಹಿಯರ್ ಟು ಡೈ' (2018) ಚಿತ್ರಕ್ಕೆ ಅಂಥ ಸಿದ್ಧತೆ ಬೇಡ. ತಮಿಳುನಾಡಿನ ಮುಸ್ಲಿಂ ಹೆಂಗಸರು ತಮ್ಮದೇ ಜಮಾತ್ (ಸಮುದಾಯದ ಪಂಚಾಯಿತಿ) ಕಟ್ಟಿಕೊಂಡು ದೂರುಗಳ ವಿಚಾರಣೆ ನಡೆಸುವ 'ಇನ್ವೋಕಿಂಗ್ ಜಸ್ಟಿಸ್' (2011) ಚಿತ್ರದಲ್ಲಂತೂ ತನಿಖೆ ಮಾಡುವವರು ಆ ಹೆಂಗಸರೇ. ನಿರ್ದೇಶಕಿ ಅವರ ಹಿಂದೆ ನಡೆಯುತ್ತಾರೆ.

ಆದರೆ ಒಬ್ಬರೇ ಮೊಬೈಲಿನಲ್ಲಿ ನೋಡಬೇಡಿ. ಯುಗಾಂತರದ ಚಿತ್ರಗಳನ್ನು ಕಾರ್ಮಿಕರು, ಮಹಿಳಾ ಸಂಘದವರು ಸೇರಿದಲ್ಲಿ ತೋರಿಸಿ, ಮುಗಿದ ಮೇಲೆ ಚರ್ಚೆಗೆ ಕೂರುತ್ತಿದ್ದರು. ನಾಲ್ಕು ಜನರನ್ನು ಕರೆಯಿರಿ, ಚರ್ಚೆಗೆಂದೇ ಒಂದು ಗಂಟೆ ಎತ್ತಿಡಿ.